ಲೆಂಗಾಯ್ ಇಳಿದವರು

ಅರೂಶಾ
12 ಜೂನ್ 2005

ಪ್ರೀತಿಯ ಮೆಪುಕೊರಿ ಅಣ್ಣನಿಗೆ,

ದನಗಳು ಹೇಗಿವೆ, ಅಮ್ಮ ಹೇಗಿದ್ದಾಳೆ, ಕೆರೆಯ ಕಡೆ ಇನ್ನೂ ಮೇವು ಉಳಿದಿದೆಯೆ? ಕೇಳಬೇಕಾದ ಕ್ರಮದಲ್ಲೇ ಕೇಳಿದ್ದೇನೆ, ಮೊದಲು ದನ, ಆಮೇಲೆ ಅಮ್ಮ. ಕಾಲೇಜು ಓದಿ ಟೀಚರಾದರೂ ನಸಿಯೆಕು ಮರ್ಯಾದೆ ಮರೆತಿಲ್ಲ ಎಂದು ಇಷ್ಟನ್ನು ಎಲ್ಲರಿಗೂ ಓದಿ ಹೇಳು. ಮುಂದಿನದನ್ನು ನೀನೊಬ್ಬನೇ ಓದಿಕೋ.

ನಾವು ಚೆನ್ನಾಗಿದ್ದೇವೆ. ಮಗಳಿಗೆ ಐದು ತಿಂಗಳಾಯಿತು. ಅವಳು ಚೆನ್ನಾಗಿ ನಿದ್ದೆ ಮಾಡುತ್ತಾಳೆ, ನಾನೂ ಮಾಡುತ್ತೇನೆ. ಈ ಬೀದಿಯಲ್ಲಿ ಎರಡು ಗಂಟೆಗೆ ಕಾವಲುಗಾರ ಕೋಲು ಬಡಿಯುತ್ತಾನೆ, ಮೂರಕ್ಕೆ ಪಕ್ಕದ ಮನೆಯ ಕೋಳಿ ಹೊತ್ತು ತಪ್ಪಿ ಕೂಗುತ್ತದೆ, ನಾಲ್ಕೂವರೆಗೆ ಮಸೀದಿ, ಐದಕ್ಕೆ ಬ್ರೆಡ್ಡು ಮಾರುವವನ ಸೈಕಲ್ಲು. ಇದನ್ನೆಲ್ಲ ಯಾಕೆ ಬರೆದೆನೋ ಗೊತ್ತಿಲ್ಲ.

ವಿಷಯ ಇದು. ಎರಡು ವರ್ಷದ ಹಿಂದೆ ಊರಿನ ಹೆಂಗಸರ ಜೊತೆ ನಾನೂ ಲೆಂಗಾಯ್ ಬೆಟ್ಟದ ಬುಡಕ್ಕೆ ಹೋಗಿದ್ದೆನಲ್ಲ. ಕೈಯಲ್ಲಿ ಹಸಿ ಹುಲ್ಲು ಹಿಡಿದು, ಸೋರೆಬುರುಡೆಯಿಂದ ಹಾಲು ಚಿಮುಕಿಸಿ, ಎಲ್ಲರೂ ಹಾಡಿದೆವು. ಉಳಿದವರು ಮಗು ಕೊಡು ಎಂದಷ್ಟೇ ಕೇಳಿಕೊಂಡರು. ನಾನು, ಕೊಟ್ಟರೆ ತುದಿಯವರೆಗೆ ಹತ್ತಿ ಬಂದು ಹೇಳಿ ಹೋಗುತ್ತೇನೆ ಅಂದೆ. ಹೆಚ್ಚು ಓದಿದವರ ಜಂಬ. ಬೆಟ್ಟ ಕೊಟ್ಟಿದೆ, ನಾನು ಹೋಗಿಲ್ಲ. ನನ್ನ ಗಂಡ ಲೋಯ್ಶಿಯೆ ವಾರವಿಡೀ ಮೋಶಿಯಲ್ಲಿರುತ್ತಾನೆ. ಅವನಿಗೆ ಹೇಳಿದರೆ, "ಬೆಟ್ಟಕ್ಕೆ ನಿನ್ನ ವಿಳಾಸ ಗೊತ್ತಿಲ್ಲ ಬಿಡು," ಎಂದು ನಗುತ್ತಾನೆ. ನನಗೆ ಮಾತ್ರ ಅದು ಬಾಗಿಲ ಹೊರಗೆ ನಿಂತು ಕಾಯುತ್ತಿರುವ ಹಾಗೆ ಅನಿಸುತ್ತದೆ.

ಆಗಸ್ಟ್ ಎಂಟರ ರೈತರ ರಜೆಗೆ ಬರುತ್ತೇನೆ. ಶಾಲೆಯ ಇನ್ನಿಬ್ಬರು ಜೊತೆಗಿರುತ್ತಾರೆ. ಮಗಳು ಅಮ್ಮನ ಹತ್ತಿರ ಇರಲಿ. ಆದರೆ ನೀನು ಕರೆದುಕೊಂಡು ಹೋದರೆ ಮಾತ್ರ ಹತ್ತುತ್ತೇನೆ. ಸಂಜೆ ಮುಳ್ಳುಬೇಲಿಯ ಬಾಗಿಲಲ್ಲಿ ನಿಂತು ಒಂದು ಸಲ ಕಣ್ಣಾಡಿಸಿ, "ಕಿವಿ ಹರಿದ ಕಂದು ಆಡು ಬಂದಿಲ್ಲ," ಅನ್ನುತ್ತಿದ್ದೆಯಲ್ಲ, ಆ ಕಣ್ಣನ್ನು ನಂಬಿ.

ನಿನ್ನ ತಂಗಿ
ನಸಿಯೆಕು


ಎಂಗಾರೆ ಸೇರೋ
3 ಜುಲೈ 2005

ತಂಗಿ ನಸಿಯೆಕು,

ದನ ಚೆನ್ನಾಗಿವೆ. ಅಮ್ಮ ಚೆನ್ನಾಗಿದ್ದಾಳೆ. ಪತ್ರವನ್ನು ಲಾರಿಯ ಮ್ಸೂಯಾ ಕೊಟ್ಟ. ಒಣಮೀನಿನ ವಾಸನೆ ಹೊಡೆಯುತ್ತಿತ್ತು.

ಆ ಕೊಳಕಿ ಹೇಗಿದ್ದಾಳೆ? ಮೂಗು ನಿನ್ನ ಹಾಗೇ ಚಪ್ಪಟೆ, ನೋಡಲು ಏನೂ ಇಲ್ಲ ಎಂದು ಅಮ್ಮ ಎಲ್ಲರ ಹತ್ತಿರ ಹೇಳಿಕೊಂಡು ಬರುತ್ತಿದ್ದಾಳೆ, ಯಾರ ಕಣ್ಣೂ ಬೀಳದಿರಲಿ ಅಂತ.

ಬೆಟ್ಟ ಈ ವರ್ಷ ಬೇಡ. ಗಾಳಿ ಜಾಸ್ತಿ. ತುದಿಯಲ್ಲಿ ಹೊಸ ಬಾಯಿ ತೆರೆದು ಲಾವಾ ಕರಿ ನೀರಿನ ಹಾಗೆ ಉಕ್ಕುತ್ತಿದೆ. ಹೆಂಗಸರು ಬುಡದಲ್ಲಿ ನಿಂತು ಹೇಳಿದರೂ ಎಂಗಾಯ್‌ಗೆ ಕೇಳಿಸುತ್ತದೆ, ದೇವರು ಕಿವುಡಲ್ಲ. ನನಗೂ ಬಿಡುವಿಲ್ಲ. ವಾರಕ್ಕೆ ಎರಡು ಸಲ ಪರದೇಶದವರನ್ನು ಹತ್ತಿಸುತ್ತಿದ್ದೇನೆ.

ನಿನ್ನ ಪತ್ರ ಉದ್ದವಾಗಿತ್ತು. ಅಷ್ಟು ಬರೆಯಲು ಪುರುಸೊತ್ತಿದೆ ಅಂದರೆ ಮಗಳು ಕಾಟ ಕೊಡುತ್ತಿಲ್ಲ. ಸಂತೋಷ. ಪಟ್ಟಣದ ಊಟಕ್ಕೆ ದಪ್ಪಗಾಗಿರಬೇಕು ನೀನು.

ಮೆಪುಕೊರಿ


ಅರೂಶಾ
10 ಜುಲೈ 2005

ಅಣ್ಣ,

ನಿನ್ನ ಪತ್ರವನ್ನು ಮೂರು ಸಲ ಓದಿದೆ. ಬಿಳಿ ಹೆಂಗಸರನ್ನು ಕೈಹಿಡಿದು ತುದಿಗೆ ಹತ್ತಿಸುವವನು ಒಡಹುಟ್ಟಿದವಳಿಗೆ ಬುಡ ತೋರಿಸುತ್ತೀಯ. ಮಗು ಹೆತ್ತವಳು ಮನೆಯಲ್ಲಿರಲಿ ಎಂದು ನೇರವಾಗಿ ಬರೆಯಬಹುದಿತ್ತು. ಗಾಳಿ ಜಾಸ್ತಿ ಅಂತೆ. ಅಲ್ಲಿ ಗಾಳಿ ಕಮ್ಮಿಯಾದ ದಿನ ಯಾವುದು?

ಅಥವಾ ಹೆರಿಗೆಗೆ ಊರಿಗೆ ಬರಲಿಲ್ಲ ಎಂಬ ಸಿಟ್ಟು ಇನ್ನೂ ಇದೆಯೋ. ಮಗುವಿಗೆ ಇನ್ನೂ ಹೆಸರಿಡಿಸಿಲ್ಲ, ತಲೆ ಬೋಳಿಸಿಲ್ಲ, ಹಿರಿಯರು ಹರಸಿ ಉಗುಳುವ ಎಂಜಲು ಹಣೆಗೆ ಸೋಕಿಲ್ಲ. ಎಲ್ಲ ನನ್ನ ತಪ್ಪೇ ಇರಲಿ. ನೀನು ಬೈದಿದ್ದರೆ ಇಷ್ಟು ಬೇಸರವಾಗುತ್ತಿರಲಿಲ್ಲ. ಹಿಂದೆ ನಿನ್ನ ಪತ್ರದಲ್ಲಿ ಬೆಟ್ಟ ಇರುತ್ತಿತ್ತು, ಯಾರೋ ದಾರಿಯಲ್ಲಿ ಅತ್ತದ್ದು, ಯಾರೋ ಹಾಡಿದ್ದು. ಈ ಸಲ ಒಣಮೀನು ಮಾತ್ರ ಇತ್ತು.

ಒಂದು ಮಾತು ಮುಚ್ಚಿಟ್ಟಿದ್ದೆ. ಸಿಟ್ಟಿನಲ್ಲೇ ಬರೆದುಬಿಡುತ್ತೇನೆ, ಸಿಟ್ಟು ಇಳಿದರೆ ಧೈರ್ಯವಿರುವುದಿಲ್ಲ. ನಾನು ನಿದ್ದೆ ಮಾಡುವುದಿಲ್ಲ.

ಮಾರ್ಚಿನಲ್ಲಿ ಮಗಳಿಗೆ ಕೆಮ್ಮು ಬಂದಿತ್ತು. ಆಸ್ಪತ್ರೆಯ ನರ್ಸ್ ಮ್ವಾನೈದಿ ಒಳ್ಳೆಯವಳು. "ಹೊಟ್ಟೆ ಏರಿ ಇಳಿಯೋದನ್ನ ಒಂದು ನಿಮಿಷ ಎಣಿಸು. ಐವತ್ತು ಮುಟ್ಟಿದ್ರೆ ಓಡಿ ಬಾ, ಇಲ್ದಿದ್ರೆ ಬಿಸಿನೀರು ಕುಡ್ಕೊಂಡು ಮಲಕ್ಕೋ," ಅಂದಳು. ಕೆಮ್ಮು ಒಂದು ವಾರಕ್ಕೆ ಹೋಯಿತು. ಎಣಿಸುವುದು ಹೋಗಲಿಲ್ಲ. ಮೂವತ್ತೆಂಟು. ನಲವತ್ತೊಂದು. ಮೂವತ್ತೊಂಬತ್ತು. ಒಂದು ನಿಮಿಷ ಮುಗಿದರೆ ಇನ್ನೊಂದು ಶುರು. ಮಧ್ಯದಲ್ಲಿ ನಿಲ್ಲಿಸಿದರೆ ಅವಳ ಉಸಿರೂ ಅಲ್ಲೇ ನಿಲ್ಲುತ್ತದೆ ಎಂದು ತಲೆಯೊಳಗೆ ಯಾರೋ ಹೇಳುತ್ತಾರೆ. ನಮ್ಮಲ್ಲಿ ದನವನ್ನೂ ಮಕ್ಕಳನ್ನೂ ಎಣಿಸಿದರೆ ಕೆಡುಕು. ಆಸ್ಪತ್ರೆಯಲ್ಲಿ ಎಣಿಸದಿದ್ದರೆ ಕೆಡುಕು. ಎರಡರ ನಡುವೆ ನಾನು ಗೋಡೆ ಗಡಿಯಾರವನ್ನು ಮಡಿಲಲ್ಲಿಟ್ಟುಕೊಂಡು ಕೂತಿದ್ದೇನೆ. ಹೋದ ವಾರ ಬೋರ್ಡಿನ ಮೇಲೆ ಬರೆಯುತ್ತ ನಿಂತಲ್ಲೇ ತೂಕಡಿಸಿದೆ. ಮಕ್ಕಳು ನಗಲಿಲ್ಲ, ಅದಕ್ಕೇ ಹೆದರಿಕೆಯಾಯಿತು.

ಬೆಟ್ಟಕ್ಕೆ ಹೇಳಿ ಬಂದರೆ ಇದು ಬಿಡಬಹುದು. ಬಿಡದೆಯೂ ಇರಬಹುದು. ಬೇರೆ ದಾರಿ ನನಗೆ ಕಾಣುತ್ತಿಲ್ಲ. ಅಮ್ಮನಿಗೆ ಹೇಳಬೇಡ.

ನಸಿಯೆಕು


ಎಂಗಾರೆ ಸೇರೋ
24 ಜುಲೈ 2005

ತಂಗಿ,

ಅಮ್ಮನಿಗೆ ಓದಿ ಹೇಳಲಿಲ್ಲ. ಪತ್ರದಲ್ಲಿ ಏನಿದೆ ಎಂದು ಕೇಳಿದಳು, ಬಟ್ಟೆಯ ವಿಷಯ ಅಂದೆ.

ನೀನು ಹೇಳಿದೆ, ಆದ್ದರಿಂದ ನಾನೂ ಹೇಳಬೇಕು. ನಾನು ಮೇ ತಿಂಗಳಿಂದ ಬೆಟ್ಟ ಹತ್ತಿಲ್ಲ. ವಾರಕ್ಕೆ ಎರಡು ಸಲ ಅಂದದ್ದು ಸುಳ್ಳು. ಆಡು ಕಾಯುತ್ತಿದ್ದೇನೆ.

ಮೇಯಲ್ಲಿ ಒಂದು ಗುಂಪು ಬಂದಿತ್ತು. ಅದರಲ್ಲಿ ಬಿರ್ಗಿಟ್ ಎಂಬ ಹೆಂಗಸು, ಅಮ್ಮನಷ್ಟೇ ವಯಸ್ಸು, ಹಳದಿ ಕೋಟು. ಹತ್ತುವಾಗ ಯಾರಿಗೂ ತೊಂದರೆ ಕೊಡಲಿಲ್ಲ. ತುದಿಯಲ್ಲಿ ಒಬ್ಬ ಯುವಕ ಚಳಿಗೆ ನಡುಗುತ್ತಿದ್ದ. ಅವಳು ತನ್ನ ಕೋಟು ಬಿಚ್ಚಿ ಅವನಿಗೆ ಕೊಟ್ಟಿದ್ದಾಳೆ. ನಾನು ಆಗ ಇನ್ನೊಬ್ಬನ ಬೂಟಿನ ದಾರ ಕಟ್ಟುತ್ತಿದ್ದೆ, ನೋಡಲಿಲ್ಲ. ಇಳಿಯುವಾಗ ಮೋಡ ಬಂತು. ನಾನು ನಿಂತು ಕಣ್ಣಾಡಿಸಿದೆ. ಕೆಂಪು ಟೋಪಿ ಇದೆ, ಉದ್ದ ಕೋಲು ಇದೆ, ಕುಂಟುವವನು ಇದ್ದಾನೆ, ಹಳದಿ ಇದೆ. ಮಂದೆ ಪೂರ್ತಿ ಇದೆ ಎಂದು ಕಣ್ಣು ಹೇಳಿತು. ಬುಡಕ್ಕೆ ಬಂದು, ಬಿಸಿಲಿಗೆ ಆ ಹುಡುಗ ಕೋಟಿನ ಟೋಪಿ ಸರಿಸಿದಾಗ ಒಳಗೆ ಗಡ್ಡ ಕಾಣಿಸಿತು.

ಓಡಿದೆ. ಮೇಲಿನ ಕಲ್ಲಿನ ಸಂದಿಯ ಕೆಳಗೆ ಒಂದು ಕೊರಕಲಿನಲ್ಲಿ ಬಿರ್ಗಿಟ್ ಕೂತಿದ್ದಳು. ಪಾದ ಊದಿತ್ತು, ತುಟಿ ಒಡೆದಿತ್ತು. ನಿನಗೆ ತೊಂದರೆ ಕೊಡಬಾರದು ಅಂತ ಕೂಗಲಿಲ್ಲ ಅಂದಳು. ಬೆನ್ನ ಮೇಲೆ ಹೊತ್ತು ಇಳಿಸಿದೆ. ಹೊರಡುವಾಗ ನನ್ನ ಎರಡೂ ಕೈ ಹಿಡಿದು ಥ್ಯಾಂಕ್ಸ್ ಅಂದಳು. ಬೈದಿದ್ದರೆ ಚೆನ್ನಾಗಿತ್ತು.

ಮಾರನೆಯ ದಿನ ನನ್ನನ್ನು ಕೆಲಸಕ್ಕಿಟ್ಟ ಪ್ರವಾಸದ ಆಫೀಸಿನ ಮ್ಯಾನೇಜರ್ ಒಂದು ಪುಸ್ತಕ ತಂದ. "ಎಷ್ಟು ಜನ ಹತ್ತಿದ್ರು, ಎಷ್ಟು ಜನ ಇಳಿದ್ರು. ಎರಡೇ ಅಂಕಿ ಬರೆದು ಸಹಿ ಹಾಕು."

"ಜನಾನ ಎಣಿಸಲ್ಲ ಬ್ವಾನಾ."

"ಇದು ದನ ಅಲ್ಲ ಮಾರಾಯ, ಜನ. ಎಣಿಸಿದ್ರೆ ಏನೂ ಆಗಲ್ಲ."

"ದನಾನೂ ಎಣಿಸಲ್ಲ."

"ಹಾಗಾದ್ರೆ ಮನೇಲಿ ಕೂತ್ಕೋ. ಎಣಿಸೋಕೆ ಮನಸ್ಸಾದ ದಿನ ಬಾ."

ಊರಿನವರು ನಾನು ಪದ್ಧತಿ ಬಿಡಲಿಲ್ಲ ಎಂದು ಹೊಗಳುತ್ತಾರೆ. ನಿಜ ಬೇರೆ ಇದೆ. ಮ್ಯಾನೇಜರ್ ಬೇಡ ಅನ್ನದಿದ್ದರೂ ನಾನು ಹತ್ತುತ್ತಿರಲಿಲ್ಲ. ನೀನು ನನ್ನ ಕಣ್ಣು ನಂಬಿ ಬರುತ್ತೇನೆ ಅಂದೆ. ಆ ಕಣ್ಣಿನ ಮೇಲೆ ಈಗ ನನಗೇ ನಂಬಿಕೆಯಿಲ್ಲ. ಸಂಜೆ ಆಡು ಒಳಗೆ ಕೂಡಿದ ಮೇಲೂ ಮೂರು ಸಲ ಎದ್ದು ಹೋಗಿ ನೋಡುತ್ತೇನೆ.

ಬರಬೇಡ. ಹೆಂಗಸು ಅಂತಲ್ಲ. ನನ್ನ ಜೊತೆ ಬರಬೇಡ, ಅಷ್ಟೇ.

ಮೆಪುಕೊರಿ


ಅರೂಶಾ
28 ಜುಲೈ 2005

ಅಣ್ಣ,

ಮ್ಸೂಯಾನ ಲಾರಿ ಇಲ್ಲೇ ನಿಂತಿದೆ, ಅವನು ಹಾರನ್ ಹೊಡೆಯುತ್ತಿದ್ದಾನೆ.

ಶನಿವಾರ ಆರನೇ ತಾರೀಕು ಮಧ್ಯಾಹ್ನ ಬರುತ್ತೇವೆ. ನನ್ನ ಶಾಲೆಯ ಭೂಗೋಳದ ಟೀಚರ್ ಕಿಮಾರೊ, ಗಣಿತದ ಮೇಷ್ಟ್ರು ಶಾಬಾನಿ, ನಾನು, ಮಗಳು. ಯಾವ ಆಫೀಸೂ ಇಲ್ಲ, ಪುಸ್ತಕವೂ ಇಲ್ಲ. ನೀನು ಬಾರದಿದ್ದರೆ ನಾನು ಒಬ್ಬಳೇ ಹತ್ತುತ್ತೇನೆ, ಆಗ ಮುಂದಿನದು ನಿನ್ನ ತಲೆಯ ಮೇಲೆ. ಇದು ಬೆದರಿಕೆ ಹೌದು.

ನಸಿಯೆಕು


ಅರೂಶಾ
19 ಆಗಸ್ಟ್ 2005

ಪ್ರೀತಿಯ ಅಣ್ಣನಿಗೆ,

ಹೆಸರಿಡುವ ದಿನ ಮಗಳ ಜೊತೆ ಬೋಳಿಸಿಕೊಂಡ ತಲೆಯಲ್ಲೇ ಕ್ಲಾಸಿಗೆ ಹೋದೆ. ಹಿಂದಿನ ಬೆಂಚಿನಿಂದ ಯಾರೋ, "ಟೀಚರ್ ಹೊಳೀತಿದಾರೆ," ಅಂದರು. ನಲೆಪೊ ಎಂಬ ಹೆಸರು ಬಿದ್ದ ಮೇಲೆ ನಿನ್ನ ಕೊಳಕಿ ನಿಜವಾಗಿ ದೊಡ್ಡ ಮನುಷ್ಯಳ ಹಾಗೆ ನೋಡುತ್ತಾಳೆ. ಅವಳ ಬೋಳುತಲೆಯ ಮೇಲೆ ಕೈ ಇಟ್ಟರೆ ಬಿಸಿಲಲ್ಲಿಟ್ಟ ಕಲ್ಲಿನ ಹಾಗೆ ಬೆಚ್ಚಗಿರುತ್ತದೆ. ಬೆಟ್ಟ ಹತ್ತಿದ ರಾತ್ರಿ ಅವಳನ್ನು ಅಮ್ಮನ ಹತ್ತಿರ ಬಿಟ್ಟಿದ್ದೆನಲ್ಲ, ಅಮ್ಮ ಏನು ಮಾಡಿದಳು ಗೊತ್ತೆ? ನಾನು ಹೊತ್ತು ತಂದಿದ್ದ ಗೋಡೆ ಗಡಿಯಾರವನ್ನು ಹಿಟ್ಟಿನ ಡಬ್ಬಿಯೊಳಗೆ ಹಾಕಿ ಮುಚ್ಚಿದ್ದಳು. ಟಿಕ್ ಟಿಕ್ ಅನ್ನೋದು ಕೇಳಿದ್ರೆ ಹಲ್ಲಿ ಅಂತ ಬೆಕ್ಕು ಬರುತ್ತೆ, ಅದಕ್ಕೇ ಮುಚ್ಚಿಟ್ಟೆ ಅಂದಳು. ಅವಳಿಗೆ ಎಲ್ಲ ಗೊತ್ತಿತ್ತು ಅಂತ ನನ್ನ ಅನುಮಾನ.

ಬೆಟ್ಟದಲ್ಲಿ ನೀನೂ ಇದ್ದೆ, ನಾನೂ ಇದ್ದೆ. ಆದರೂ ಬರೆಯುತ್ತೇನೆ. ನೀನು ಮುಂದಿದ್ದೆ, ಹಿಂದಿನದು ನಿನಗೆ ಕಾಣಲಿಲ್ಲ.

ಆನೆಹುಲ್ಲು ಮುಗಿಯುವ ತನಕ ನನಗೆ ಜಂಬವಿತ್ತು. ಬೂದಿಯ ಇಳಿಜಾರು ಶುರುವಾದ ಮೇಲೆ ಎರಡು ಹೆಜ್ಜೆ ಏರಿದರೆ ಒಂದು ಜಾರುತ್ತಿತ್ತು. ಆಮೇಲೆ ಅದೂ ಇಲ್ಲ, ಟಾರ್ಚಿನ ಬೆಳಕಿಗೆ ಗಟ್ಟಿ ಗಾರೆಯ ಹಾಗಿನ ಬಿಳಿ ಕಲ್ಲು, ಹಿಡಿಯಲು ಒಂದು ಗಂಟೂ ಇಲ್ಲ. ಕೈ, ಮೊಣಕಾಲು, ಗಲ್ಲ, ಎಲ್ಲ ಊರಿಕೊಂಡು ಹತ್ತಿದೆ. ಕಿಮಾರೊ ಎಲ್ಲರಿಗಿಂತ ಹಿಂದೆ ಏದುತ್ತ, "ಹದಿನೆಂಟು ವರ್ಷದಿಂದ ಮಕ್ಕಳ ಕೈಲಿ ಈ ಬೆಟ್ಟದ ಚಿತ್ರ ಬರೆಸ್ತಿದೀನಿ. ಒಂದು ತ್ರಿಕೋಣ, ಮೇಲೊಂದು ಹೊಗೆ. ಕೆಳಗೆ ನಾನು ಇರ್ತೀನಿ ಅಂತ ಯಾವ ಪುಸ್ತಕದಲ್ಲೂ ಇರ್ಲಿಲ್ಲ," ಅನ್ನುತ್ತಿದ್ದಳು. ನೀನು ಮೇಲಿನಿಂದ, "ಟೀಚರಮ್ಮ, ಮೇಲೆ ನೋಡ್ಬೇಡಿ, ಕೆಳಗೂ ನೋಡ್ಬೇಡಿ, ಮುಂದಿರೋರ ಹಿಮ್ಮಡಿ ನೋಡಿ," ಅಂದೆ. "ಮುಂದಿರೋದು ಶಾಬಾನಿ ಹಿಮ್ಮಡಿ. ಅದನ್ನ ನೋಡೋಕಿಂತ ಬೀಳೋದೇ ವಾಸಿ," ಅಂದಳು. ನೀನು ನಕ್ಕೆ. ಎರಡು ದಿನದಲ್ಲಿ ನೀನು ನಕ್ಕದ್ದು ಅದೊಂದೇ ಸಲ.

ನಾನು ನಗಲಿಲ್ಲ. ನಲೆಪೊಳ ಉಸಿರು ಎಣಿಸಲು ಸಿಗದೆ ನನ್ನ ಉಸಿರನ್ನೇ ಎಣಿಸುತ್ತಿದ್ದೆ. ಐವತ್ತು ಯಾವಾಗಲೋ ದಾಟಿತ್ತು.

ತುದಿಯಲ್ಲಿ ಬೆಳಕಾದಾಗ ನೀನು ನನ್ನ ಕಡೆಗೆ ಬೆನ್ನು ತಿರುಗಿಸಿ ನಿಂತೆ. ಏನಾಯಿತೆಂದು ನಿನಗೆ ತಿಳಿದಿತ್ತು, ತಿಳಿಯದ ಹಾಗೆ ಇದ್ದೆ. ಅದು ಮಗಳಿಗೆ ಹಾಲು ಕುಡಿಸುವ ಹೊತ್ತು. ಎದೆ ಕಲ್ಲಾಗಿತ್ತು, ಆಮೇಲೆ ತಾನಾಗಿ ಸೋರತೊಡಗಿತು. ರವಿಕೆ ನೆನೆಯಿತು. ನಾನು ಬಂಡೆಯ ಮರೆಗೆ ಹೋಗಿ ನೋವು ತಡೆಯಲಾರದೆ ಹಿಂಡಿ ಚೆಲ್ಲಿದೆ. ಕೆಳಗೆ ನೆಲ ಬಿಸಿಯಿತ್ತು, ಗಂಧಕದ ವಾಸನೆಗೆ ಕಣ್ಣುರಿ. ಹಾಲು ಬೂದಿಯ ಮೇಲೆ ಬಿದ್ದು ಸಣ್ಣ ಸಣ್ಣ ಕುಳಿಯಾಗಿ ಇಂಗಿಹೋಯಿತು. ದಾರಿಯುದ್ದಕ್ಕೂ ಸಿದ್ಧ ಮಾಡಿಕೊಂಡು ಬಂದಿದ್ದ ಮಾತು ಒಂದೂ ನೆನಪಾಗಲಿಲ್ಲ. ಬಂದಿದ್ದೇನೆ, ಅಂದೆ. ಅಷ್ಟೇ. ಕರಿ ಬಾಯಿಯೊಳಗೆ ಏನೋ ಗೊಳ್ ಗೊಳ್ ಎಂದಿತು. ಅದು ನನಗೆ ಉತ್ತರವಲ್ಲ ಎಂದು ನನಗೆ ಗೊತ್ತು. ಅದು ದಿನವಿಡೀ ಹಾಗೇ ಅನ್ನುತ್ತಿರುತ್ತದೆ.

ಇಳಿಯುವಾಗ ಮೋಡ. ನೀನು ಹತ್ತು ಹೆಜ್ಜೆಗೊಮ್ಮೆ ತಿರುಗಿ ನೋಡುತ್ತಿದ್ದೆ, ನಿನ್ನ ಕುತ್ತಿಗೆಯ ನರ ನನಗೆ ಕಾಣುತ್ತಿತ್ತು. ಮೊದಲು ಮುಂದೆ ಇದ್ದವನು ಆಮೇಲೆ ಹಿಂದೆ ಬಂದೆ. ಕಲ್ಲಿನ ಸಂದಿಗೆ ಬರುವಷ್ಟರಲ್ಲಿ ಒಂದು ಮಾರು ದೂರವೂ ಕಾಣದಾಯಿತು. ನನಗೆ ಬೇರೇನೂ ತೋಚದೆ ಶಾಲೆಯಲ್ಲಿ ಹಾಜರಿ ಕೂಗುವ ಹಾಗೆ ಕೂಗಿದೆ.

"ಕಿಮಾರೊ."

"ಇದೀನಮ್ಮ, ಎಲ್ಲಿಗೆ ಹೋಗ್ಲಿ."

"ಶಾಬಾನಿ."

"ಹಾಜರ್, ಟೀಚರ್."

"ಮೆಪುಕೊರಿ."

ಉತ್ತರ ಬರಲಿಲ್ಲ. ಇನ್ನೊಂದು ಸಲ ಕೂಗಿದೆ. ಗಾಳಿಯೂ ಇರಲಿಲ್ಲ, ನೀನು ಬರೆದಿದ್ದ ಆ ಗಾಳಿ. ಆ ಸುಮ್ಮನಿರುವಿಕೆ ನನಗೆ ಗೊತ್ತು ಅಣ್ಣ. ಎರಡು ಉಸಿರಿನ ನಡುವೆ ಪ್ರತಿ ರಾತ್ರಿ ನಾನು ಅದರೊಳಗೆ ಕೂತಿರುತ್ತೇನೆ. "ನಾವಿಬ್ರೂ ಕಲ್ಲಿನ ಹಾಗೆ ಇಲ್ಲೇ ಕೂತಿರ್ತೀವಿ, ಅಲ್ಲಾಡಲ್ಲ, ಹೋಗಿ ನೋಡು," ಅಂದಳು ಕಿಮಾರೊ. ಕೈಯೂರಿ ಹತ್ತಿದೆ.

ನೀನು ಕೊರಕಲಿನ ಅಂಚಿನಲ್ಲಿ ಮಂಡಿಯೂರಿ ಕೆಳಗೆ ನೋಡುತ್ತಿದ್ದೆ.

"ಯಾರನ್ನ ಹುಡುಕ್ತಿದೀಯಣ್ಣ?"

"ಹಳದಿ ಕಾಣಿಸ್ತು."

"ನಮ್ಮಲ್ಲಿ ಯಾರೂ ಹಳದಿ ಹಾಕಿಲ್ಲ."

"ಗೊತ್ತು."

"ಆಯಮ್ಮ ಅವಳ ದೇಶದಲ್ಲಿ ಅವಳ ಮನೇಲಿ ಕೂತಿದಾಳೆ."

"ಗೊತ್ತು ಅಂದ್ನಲ್ಲ. ಒಂದ್ಸಲ ನೋಡ್ಬಿಡ್ತೀನಿ, ಆಮೇಲೆ ಬರ್ತೀನಿ."

ನಾನು ಬರೆಯಲು ಕೂತದ್ದೇ ಇದಕ್ಕೆ. ಆಗ ನಿನ್ನ ಪಕ್ಕದಲ್ಲಿ ಕೂತು ನಾನೂ ಆ ಕೊರಕಲಿನೊಳಗೆ ನೋಡಿದೆ. ಖಾಲಿ ಇತ್ತು. ನೀನು ಮತ್ತೆ ನೋಡಿದೆ, ನಾನೂ ನೋಡಿದೆ. ಒಂದು ಸಲ ನೋಡಿ ಬಿಡುವವನಲ್ಲ ನೀನು ಎಂದು ತಿಳಿಯಿತು, ಯಾಕೆಂದರೆ ನಾನೂ ಒಂದು ನಿಮಿಷ ಎಣಿಸಿ ಬಿಡುವವಳಲ್ಲ. ಹೊರಗಿನಿಂದ ಅದು ಹೇಗೆ ಕಾಣುತ್ತದೆ ಎಂದು ನಾನು ಅವತ್ತೇ ನೋಡಿದ್ದು. ಖಾಲಿ ಕೊರಕಲನ್ನು ಕಾಯುವ ಮನುಷ್ಯ, ಕೆಳಗೆ ಮೋಡದಲ್ಲಿ ಇಬ್ಬರು ಜೀವಂತ ಜನ ಅವನಿಗಾಗಿ ಕೂತಿದ್ದಾರೆ.

ನಿನ್ನ ಭುಜ ಹಿಡಿದು ಎಬ್ಬಿಸಿದೆ, ಒರಟಾಗಿಯೇ. "ಇದ್ದೋರು ಕೆಳಗಿದಾರೆ. ಕೂಗು ಅವರನ್ನ. ನೀನೇ ಕೂಗು," ಅಂದೆ. ನೀನು ಕೆಳಗಿನ ಮೋಡದ ಕಡೆ ತಿರುಗಿದೆ. ಆಮೇಲೆ ಹಸುವನ್ನು ಹೆಸರು ಹಿಡಿದು ಕರೆಯುವ ಆ ಹಳೆಯ ದನಿ ಬಂತು. ನೀನು ಕಿಮಾರೊ ಅಂದೆ, ಬಂತು ಉತ್ತರ. ಶಾಬಾನಿ ಅಂದೆ, ಬಂತು. ಪಕ್ಕದಲ್ಲೇ ನಿಂತಿದ್ದರೂ ನಸಿಯೆಕು ಅಂದೆ. ನಾನೂ ಓಗೊಟ್ಟೆ. ಬುಡದವರೆಗೂ ಹಾಗೇ ಇಳಿದೆವು.

ಮ್ಯಾನೇಜರಿಗೆ ಹೋಗಿ ಹೇಳು. ಅಂಕಿ ಬರೆಯುವುದಿಲ್ಲ, ಹತ್ತುವಾಗ ಒಬ್ಬೊಬ್ಬರ ಹೆಸರು ಬರೆಯುತ್ತೇನೆ, ಇಳಿಯುವಾಗ ಒಬ್ಬೊಬ್ಬರ ಹೆಸರು ಕೂಗುತ್ತೇನೆ, ಅವರವರ ಬಾಯಿಂದಲೇ ಉತ್ತರ ಬಂದರೆ ಗುರುತು ಹಾಕುತ್ತೇನೆ ಅಂತ. ಕೋಟು ಬದಲಾಗುತ್ತದೆ, ದನಿ ಬದಲಾಗುವುದಿಲ್ಲ. ಒಪ್ಪದಿದ್ದರೆ ಆಡು ಕಾಯಿ. ಆದರೆ ಕೇಳದೆ ಕೂರಬೇಡ.

ನಸಿಯೆಕು


ಎಂಗಾರೆ ಸೇರೋ
11 ಸೆಪ್ಟೆಂಬರ್ 2005

ತಂಗಿ,

ದನ ಚೆನ್ನಾಗಿವೆ. ಅಮ್ಮನಿಗೆ ಹಲ್ಲುನೋವು, ಬಾಯಿ ಮಾತ್ರ ಚೆನ್ನಾಗಿದೆ.

ಕೇಳಿದೆ. ಮ್ಯಾನೇಜರ್ ನಕ್ಕ. "ಏನೋ ಇದು, ಬೆಟ್ಟದ ಮೇಲೆ ಇಸ್ಕೂಲು ತೆಗೀತೀಯಾ?" ಅಂದ. "ನಮ್ ತಂಗಿ ಟೀಚರು, ಅವಳೇ ಹೇಳ್ಕೊಟ್ಟಿದ್ದು," ಅಂದೆ. ತಿಂಗಳ ಮಟ್ಟಿಗೆ ನೋಡೋಣ ಅಂದಿದ್ದಾನೆ. ಪುಸ್ತಕದಲ್ಲಿ ಅಂಕಿಯನ್ನು ಅವನೇ ಕೆಳಗೆ ಕೂತು ಬರೆದುಕೊಳ್ಳುತ್ತಾನೆ. ಅದು ಅವನ ಪಾಪ, ನನಗೆ ಸಂಬಂಧವಿಲ್ಲ.

ಮೂರು ಗುಂಪು ಹತ್ತಿಸಿದೆ. ಒಬ್ಬನ ಹೆಸರು ಎಷ್ಟು ಉದ್ದವೆಂದರೆ ನಾನು ಕೂಗಿ ಮುಗಿಸುವಷ್ಟರಲ್ಲಿ ಅವನು ನನ್ನನ್ನು ದಾಟಿ ಹೋಗಿದ್ದ. ಒಂದು ಸಲ ಒಬ್ಬಳು ಉತ್ತರ ಕೊಡಲಿಲ್ಲ. ಹಿಂದಕ್ಕೆ ಹತ್ತಿ ಹೋಗಿ ನೋಡಿದೆ. ಬಾಯಲ್ಲಿ ಬಿಸ್ಕತ್ತು ಇತ್ತಂತೆ.

ಈಗಲೂ ಮೋಡದಲ್ಲಿ ಹಳದಿ ಕಾಣಿಸುತ್ತದೆ. ಮೊದಲಿನಷ್ಟಿಲ್ಲ. ಕೊರಕಲಿನ ಹತ್ತಿರ ನಿಲ್ಲುತ್ತೇನೆ, ಒಂದು ಸಲ ನೋಡುತ್ತೇನೆ, ಇಳಿಯುತ್ತೇನೆ. ಆಡಿನ ಹಟ್ಟಿಗೆ ಎದ್ದು ಹೋಗುವುದು ಒಂದು ಸಲಕ್ಕೆ ಬಂದಿದೆ.

ನೀನು ಎಣಿಸುವುದು ಬಿಟ್ಟೆಯೋ ಇಲ್ಲವೋ ಬರೆಯಲಿಲ್ಲ. ಬೆಟ್ಟಕ್ಕೆ ಹೇಳಿ ಬಂದೆಯಲ್ಲ. ಅಷ್ಟು ಹೆದರಿಕೆಯಾದರೆ ನೀನೂ ಹೆಸರು ಕೂಗಿ ನೋಡು. ನಲೆಪೊ ಅನ್ನು.

ಮೆಪುಕೊರಿ


ಅರೂಶಾ
28 ಸೆಪ್ಟೆಂಬರ್ 2005

ಅಣ್ಣ,

ನೀನು ಮಕ್ಕಳನ್ನು ಮಲಗಿಸಿದವನಲ್ಲ, ಅದಕ್ಕೇ ಅಂಥ ಉಪಾಯ ಹೇಳುತ್ತೀಯ.

ಬಿಟ್ಟಿಲ್ಲ. ಗಡಿಯಾರ ಗೋಡೆಗೆ ಹೋಗಿದೆ, ಅದು ನಿಜ. ಎಣಿಸುವುದು ಕೆಲವು ರಾತ್ರಿ ಇದೆ, ಕೆಲವು ರಾತ್ರಿ ಇಲ್ಲ. ಲೋಯ್ಶಿಯೆಗೆ ಹೇಳಿದೆ, ಎಲ್ಲವನ್ನೂ, ಮಾರ್ಚಿನಿಂದ. ಅವನು ನಗಲಿಲ್ಲ. ಮನೆಯಲ್ಲಿರುವ ಶನಿವಾರ, ಭಾನುವಾರ ತಾನು ಎಚ್ಚರವಿರುತ್ತೇನೆ ಅಂದ. ಹತ್ತು ನಿಮಿಷದಲ್ಲಿ ಗೊರಕೆ ಹೊಡೆದ. ಅದೂ ಒಂದು ಉಸಿರೇ, ಎಣಿಸುವ ಕಷ್ಟವಿಲ್ಲ, ಇಡೀ ಬೀದಿಗೆ ಕೇಳುತ್ತದೆ.

ನಿನ್ನೆ ಅವನು ಇರಲಿಲ್ಲ. ನಲೆಪೊಳಿಗೆ ಮೂಗು ಕಟ್ಟಿತ್ತು. ಮಗ್ಗುಲಾಗಿ ಮಲಗಿದ್ದಳು, ಮುಖ ಆ ಕಡೆ. ಹೊಟ್ಟೆ ಏರುವುದು ನನಗೆ ಕಾಣುತ್ತಿರಲಿಲ್ಲ. ಎದ್ದು ಕೂತೆ. ನಿನ್ನ ಪತ್ರ ನೆನಪಾಯಿತು. ಹೆಸರು ಬಾಯಿಯ ತನಕ ಬಂತು.

ಕೂಗಿದರೆ ಎದ್ದುಬಿಡುತ್ತಾಳೆ. ಎಷ್ಟೋ ಹೊತ್ತು ಅತ್ತು ಆಗಷ್ಟೇ ಮಲಗಿದ್ದಳು.

ಕೂಗಲಿಲ್ಲ. ಅವಳ ಬೆನ್ನಿಗೆ ಬೆನ್ನು ಕೊಟ್ಟು ಈ ಕಡೆ ತಿರುಗಿ, ಎಣಿಸದೆ ಮಲಗಿದೆ.

ನಸಿಯೆಕು